ಅಮ್ಮನ ಹೆಬ್ಬೆರಳಿಗೆ ಒಪ್ಪುವ ಆಟ

ಸಿರಿಗೆರೆ
29 ಜೂನ್ 2025

ಅಮ್ಮ,

ಇಲ್ಲಿ ಎಲ್ಲ ಚೆನ್ನಾಗಿದೆ ಎಂದು ಬರೆದರೆ ನೀನು ನಂಬುವುದಿಲ್ಲ. ಚೆನ್ನಾಗಿಲ್ಲ ಎಂದು ಬರೆದರೆ ಅಪ್ಪ ಮುಂದಿನ ಬಸ್ಸಿಗೇ ಹೊರಟುಬಿಡುತ್ತಾರೆ. ಆದ್ದರಿಂದ ನಡುವೆ ಎಲ್ಲೋ ಇದ್ದೇನೆ ಎಂದುಕೋ. ಹಾಸ್ಟೆಲ್ಲಿಗೆ ಮೊಬೈಲ್ ತರುವಂತಿಲ್ಲ. ಭಾನುವಾರ ಆಫೀಸಿನ ಫೋನಿನಲ್ಲಿ ಮೂರು ನಿಮಿಷ ಮಾತಾಡಬಹುದು, ಆದರೆ ಹಿಂದೆ ಹದಿನೈದು ಹುಡುಗಿಯರು ಸಾಲುಗಟ್ಟಿ ನಿಂತಿರುತ್ತಾರೆ. ಅವರೆದುರು ನಿನ್ನ ಕೈಯ ವಿಷಯ ಕೇಳುವುದಕ್ಕೆ ಬಾಯಿ ಬರುವುದಿಲ್ಲ. ಕಾಗದವೇ ವಾಸಿ. ನೀನೂ ಬರೆ. ಎಡಗೈಯಲ್ಲಿ ಬರೆದು ಅಕ್ಷರ ಸೊಟ್ಟಗಾದರೂ ಪರವಾಗಿಲ್ಲ, ನಾನು ಓದಿಕೊಳ್ಳುತ್ತೇನೆ.

ಹೊಸದುರ್ಗದಿಂದ ಮಾರುತೇಶ್ ಮಾಮ ಬಂದು ನಿನಗೊಂದು ಗೇಮ್‌ಪ್ಯಾಡ್ ಕೊಟ್ಟು ಹೋದರಂತೆ, ಅಪ್ಪ ಹೇಳಿದರು. ಮೂರು ನಿಮಿಷದಲ್ಲಿ ಒಂದು ನಿಮಿಷ ನಾನು ನಕ್ಕಿದ್ದೇ ಆಯಿತು. ಹದಿನೈದು ವರ್ಷ ಹಿಟ್ಟಿನ ಗಿರಣಿ ನಡೆಸಿದ ಜಯಶೀಲಮ್ಮ ಈಗ ವಿಡಿಯೋ ಗೇಮ್ ಆಡುತ್ತಾರೆ ಎಂದರೆ ಯಾರು ನಂಬುತ್ತಾರೆ? ಏಪ್ರಿಲ್‌ನಲ್ಲಿ ಗಿರಣಿಯ ಬೆಲ್ಟಿಗೆ ಸಿಕ್ಕ ಬಲಗೈಗೆ ಇದೂ ಒಂದು ವ್ಯಾಯಾಮ ಎಂದು ಚಿತ್ರದುರ್ಗದ ಡಾಕ್ಟರು ಒಪ್ಪಿದ್ದಾರಂತೆ. ಒಳ್ಳೆಯದೇ. ತೋರುಬೆರಳು, ನಡುಬೆರಳು ಅರ್ಧರ್ಧ ಹೋದರೂ ಹೆಬ್ಬೆರಳು ಬಗ್ಗುವಂತಾದರೆ ಸಾಕು ಎಂದು ಅವರು ಅವತ್ತೇ ಹೇಳಿದ್ದರಲ್ಲ.

ಯಾವ ಆಟ ಆಡಬೇಕು ಎಂಬುದನ್ನು ನಾನು ಹೇಳುತ್ತೇನೆ. ನನ್ನ ಹಳೆಯ ಲ್ಯಾಪ್‌ಟಾಪಿನಲ್ಲಿ ಕಾರು ರೇಸಿನದು ಇದೆ, ಅದರಿಂದ ಶುರುಮಾಡು. ಎಡ ಹೆಬ್ಬೆರಳಿನಲ್ಲಿ ತಿರುಗಿಸುವುದು, ಬಲದಲ್ಲಿ ಸುತ್ತ ನೋಡುವುದು. ಏನೇ ಅನುಮಾನ ಬಂದರೂ ನನಗೆ ಬರೆ, ಬೇರೆ ಯಾರನ್ನೂ ಕೇಳಬೇಡ.

ನಿನ್ನ
ಕಾವ್ಯ

ಹಿರಿಯೂರು
12 ಜುಲೈ 2025

ಕಾವ್ಯ, ನಿನಗೆ ಒಳ್ಳೆಯದಾಗಲಿ.

ಈ ಕಾಗದವನ್ನು ದಿನಕ್ಕೆ ಆರೇಳು ಸಾಲಿನಂತೆ ಐದು ದಿನದಿಂದ ಬರೆಯುತ್ತಿದ್ದೇನೆ. ಎಡಗೈ ಈಗ ಒಂದನೇ ಕ್ಲಾಸಿನಲ್ಲಿದೆ.

ನಿನ್ನ ಹಳೆಯ ಪ್ಯಾಡಿನಲ್ಲಿ ಹೆಬ್ಬೆರಳಿಗೆ ಎರಡು ಕಡ್ಡಿ ಇದ್ದವು, ನೆನಪಿದೆಯಲ್ಲ. ಇದರಲ್ಲಿ ಅವೇ ಇಲ್ಲ. ಆ ಜಾಗದಲ್ಲಿ ಎರಡು ದುಂಡನೆಯ ತಟ್ಟೆಗಳಿವೆ, ಲ್ಯಾಪ್‌ಟಾಪಿನಲ್ಲಿ ಬೆರಳಾಡಿಸುವ ಜಾಗದ ಹಾಗೆ. ಬೆರಳು ಜಾರಿಸಿದರೆ ಒಳಗೆ ಟಿಕ್ ಟಿಕ್ ಎಂದು ಸಣ್ಣಗೆ ಅದುರುತ್ತದೆ. ಮಾರುತೇಶ ಹೇಳಿದ: "ಎರಡು ವರ್ಷದಿಂದ ನಮ್ಮ ಅಂಗಡಿಯಾಗೆ ಬಿದ್ದಿತ್ತಕ್ಕ. ಕಡ್ಡಿ ಇಲ್ದಿದ್ದು ಯಾರಿಗೆ ಬೇಕು ಅಂತ ಎಲ್ರೂ ವಾಪಸ್ ಇಟ್ಟು ಹೋಗ್ತಿದ್ರು. ನಿನ್ನ ಹೆಬ್ಬೆಟ್ಟು ಕಡ್ಡಿ ದೂಡಕ್ಕಾಗಲ್ಲ, ಆದ್ರೆ ಜಾರ್ತೈತಲ್ಲ. ನಿನಗೇ ಅಂತ ಉಳಿದಿತ್ತು ಬಿಡು."

ನೀನು ಹೇಳಿದ ಕಾರಿನ ಆಟ ಹಾಕಿದೆವು. ಕಾರು ಮೊದಲು ಗೋಡೆಗೆ ಹೋಯಿತು, ಆಮೇಲೆ ನೀರಿಗೆ. ಕಡ್ಡಿಯಾದರೆ ಕೈ ಬಿಟ್ಟ ಕೂಡಲೇ ತಾನೇ ನಡುವಿಗೆ ಬರುತ್ತದಂತೆ. ಈ ತಟ್ಟೆಯ ಮೇಲೆ ನಡು ಎಲ್ಲಿದೆ ಎಂದು ಬೆರಳಿಗೆ ಗೊತ್ತಾಗುವುದಿಲ್ಲ. ನಿಮ್ಮಪ್ಪ ಹಿಂದೆ ನಿಂತು, "ಇವಳಿಗೆ ಲೈಸೆನ್ಸ್ ಕೊಡಂಗಿಲ್ಲ" ಎಂದರು. ಮೂರು ದಿನ ನೋಡಿ ಬಿಟ್ಟೆವು.

ಮೇಲಿನ ಕೋಣೆಗೆ ಮೇ ತಿಂಗಳಲ್ಲಿ ಬಂದಳಲ್ಲ ಮೌನಿಕಾ, ಬಬ್ಬೂರು ಫಾರಮ್ಮಿನಲ್ಲಿ ಬೀಜ ಪರೀಕ್ಷೆಯ ಕೆಲಸದವಳು, ಅವಳು ಸಂಜೆ ಇಳಿದು ಬಂದು ವಯರು ಗಿಯರು ಜೋಡಿಸಿಕೊಡುತ್ತಾಳೆ. ಪಾಪ, ಆಟಗೀಟ ಅವಳಿಗೂ ಹೊಸದು.

ಗಿರಣಿ ನಿಮ್ಮಪ್ಪನೇ ನೋಡಿಕೊಳ್ಳುತ್ತಾರೆ. ರಾಗಿ ಹಿಟ್ಟು ದಪ್ಪ ಬರುತ್ತಿದೆ ಎಂದು ನಾಲ್ಕು ಜನ ಹೇಳಿಹೋದರು. ಚೆನ್ನಾಗಿ ಉಣ್ಣು.

ಇತಿ
ನಿನ್ನ ತಾಯಿ ಜಯಶೀಲಾ

ಸಿರಿಗೆರೆ
27 ಜುಲೈ 2025

ಅಮ್ಮ,

"ಹಾಕಿದೆವು", "ಬಿಟ್ಟೆವು" ಎಂದು ಬರೆದಿದ್ದೀಯ. ಆಡುವವಳು ನೀನೊಬ್ಬಳೇ ತಾನೆ?

ಆಟ ಗೊತ್ತಿಲ್ಲದವರು ಜೋಡಿಸಿಕೊಟ್ಟರೆ ಕಾರು ನೀರಿಗೇ ಹೋಗುವುದು. ಮೂರು ದಿನಕ್ಕೆ ಬಿಟ್ಟರೆ ಹೇಗೆ? ನಾನು ಮೊದಲ ಕಪ್ ಗೆಲ್ಲುವುದಕ್ಕೆ ಎರಡು ತಿಂಗಳು ಹಿಡಿದಿತ್ತು. ಇರಲಿ, ಈಗ ಕುಸ್ತಿಯ ಆಟ ಹಾಕು. ಇಬ್ಬರು ಎದುರುಬದುರು ನಿಂತು ಹೊಡೆದಾಡುವುದು. ಅದರಲ್ಲಿ ನಡು ಹುಡುಕುವ ಗೋಜಿಲ್ಲ, ಹಿಂದೆ, ಮುಂದೆ, ಕೆಳಗೆ, ಮೇಲೆ ಅಷ್ಟೆ. ತಟ್ಟೆಯ ನಾಲ್ಕು ಕಡೆ ಬೇಗ ಬೇಗ ಒತ್ತಬೇಕು. ಮೊದಲು ನೋವಾದರೂ ಬಿಡಬೇಡ. ಹೀಗೆ ಒತ್ತಿದರೆ ಬೆರಳಿಗೆ ಬಲ ಬರುತ್ತದೆ ಎಂದು ನನಗನ್ನಿಸುತ್ತದೆ.

ಆ ಮೌನಿಕಾಗೆ ಸಂಜೆ ಬೇರೆ ಕೆಲಸ ಇರುವುದಿಲ್ಲವೆ? ಬಾಡಿಗೆಗೆ ಇರುವವರನ್ನು ಅಷ್ಟು ಒಳಗೆ ಬಿಟ್ಟುಕೊಳ್ಳಬೇಡ ಎಂದು ನೀನೇ ಅಪ್ಪನಿಗೆ ಹೇಳುತ್ತಿದ್ದೆ.

ನನ್ನ ರೂಮಿನ ಚಿತ್ರಾ ರಾಮಗಿರಿಯವಳು. ಅವರಮ್ಮ ಪ್ರತಿ ವಾರ ಕಾಗದ ಬರೆಯುತ್ತಾರೆ. ಸುಮ್ಮನೆ ಹೇಳಿದೆ.

ಕಾವ್ಯ

ಹಿರಿಯೂರು
20 ಆಗಸ್ಟ್ 2025

ಕಾವ್ಯ,

ತಡವಾಯಿತು, ಬೇಸರಿಸಬೇಡ. ಹೆಬ್ಬೆರಳು ಬಾತುಕೊಂಡಿತ್ತು. ನೀನು ಹೇಳಿದಂತೆ ಕುಸ್ತಿ ಆಟವನ್ನು ಹಟ ಹಿಡಿದು ಎಂಟು ದಿನ ಆಡಿದೆ. ಎದುರಿನವನು ನನ್ನನ್ನು ಎತ್ತಿ ಎತ್ತಿ ಒಗೆದ. ದುರ್ಗಕ್ಕೆ ಹೋದಾಗ ಡಾಕ್ಟರಮ್ಮ ಕೈ ಹಿಡಿದು ನೋಡಿ ಸಿಟ್ಟಾದರು. "ಒತ್ತು ಅಂತ ಯಾರು ಹೇಳಿದ್ರಮ್ಮ ನಿಮಗೆ? ಜಾರಿಸ್ಬೇಕು, ಒತ್ತಬಾರ್ದು. ಒಂದು ವರ್ಷದೊಳಗೆ ಎಷ್ಟು ಬಗ್ಗುತ್ತೋ ಅಷ್ಟೇ ಈ ಬೆರಳು, ಆಮೇಲೆ ಹಾಗೇ ಕೂತುಬಿಡುತ್ತೆ" ಎಂದರು. ನಿನ್ನ ಹೆಸರು ನಾನು ಹೇಳಲಿಲ್ಲ.

ಮನೆಗೆ ಬಂದು ಪ್ಯಾಡನ್ನು ಅಟ್ಟಕ್ಕೆ ಹಾಕಿಬಿಡೋಣ ಎಂದೆ. ಮೌನಿಕಾ ಅದನ್ನು ತನ್ನ ಮಡಿಲಲ್ಲಿಟ್ಟುಕೊಂಡು ಬಹಳ ಹೊತ್ತು ತಟ್ಟೆಯ ಮೇಲೆ ಬೆರಳಾಡಿಸಿದಳು. ಆಮೇಲೆ ಹೇಳಿದಳು: "ಇದು ಕಡ್ಡಿ ಅಲ್ಲ ಅಂದ ಮೇಲೆ ಕಡ್ಡಿಯ ಆಟ ಯಾಕೆ ಆಡಿಸ್ಬೇಕು ಇದ್ರಾಗೆ? ಇದು ಮೌಸ್ ಇದ್ದಂಗೈತೆ. ಮೌಸ್‌ನಾಗೆ ಆಡೋವು ಹುಡುಕಾಣ."

ಅಷ್ಟೇ ನೋಡು ವಿಷಯ. ಮೊದಲು ಒಂದು ಚಿತ್ರ ಜೋಡಿಸುವ ಆಟ ಸಿಕ್ಕಿತು. ತುಂಡನ್ನು ಎಳೆದು ಅದರ ಜಾಗಕ್ಕೆ ಕೂಡಿಸುವುದು. ಕೈಗೆ ಬಂತು, ಆದರೆ ನಾಲ್ಕು ದಿನಕ್ಕೆ ಬೇಜಾರಾಯಿತು. ಗುರಿಯಿಟ್ಟು ಹೊಡೆಯುವುದೊಂದನ್ನು ನೋಡಿದೆವು. ಪರದೆಯ ಮೇಲೆ ಬೆರಳಿನ ಜೊತೆ ಓಡಾಡುವ ಆ ಬಾಣದ ಗುರುತು ಚೆನ್ನಾಗಿ ಓಡುತ್ತದೆ, ಆದರೆ ಅವಸರ ಜಾಸ್ತಿ. ಈಗ ಸಿಕ್ಕಿರುವುದು ಊರು ಕಟ್ಟುವ ಆಟ. ಬರೀ ಬಯಲು ಕೊಡುತ್ತಾರೆ. ರಸ್ತೆ ಎಳೆಯಬೇಕು, ನೀರು ತರಬೇಕು, ಮನೆ, ಶಾಲೆ, ಸಂತೆ ಎಲ್ಲ ನಾವೇ. ಕೈ ನೋವಾದರೆ ಕಾಲವನ್ನೇ ನಿಲ್ಲಿಸಿ ಚಹಾ ಕುಡಿದು ಬರಬಹುದು. ಬಾಣವನ್ನು ನಾನು ಬಲಗಡೆಯ ತಟ್ಟೆಯಲ್ಲಿ ಜಾರಿಸುತ್ತೇನೆ. ಬಲಗೈ ಪ್ಯಾಡಿನ ಭಾರ ಹೊರುವುದಿಲ್ಲವಲ್ಲ, ಎಡಗೈಯನ್ನು ಅಡಿಗೆ ಕೊಟ್ಟು ಆತುಕೊಳ್ಳುತ್ತೇನೆ, ಎಡಗಡೆಯದನ್ನು ಮೌನಿಕಾ ಹಿಡಿದು ಊರನ್ನು ಅತ್ತಿತ್ತ ತಿರುಗಿಸುತ್ತಾಳೆ. ಒಂದು ಪ್ಯಾಡಿಗೆ ಇಬ್ಬರು.

ಮೊನ್ನೆ ಅಳತೆ ನೋಡಿದರು. ಹೆಬ್ಬೆರಳು ಈಗ ಉಂಗುರ ಬೆರಳಿನ ಬುಡ ಮುಟ್ಟುತ್ತಿದೆ. ನಿನಗೇ ಮೊದಲು ಹೇಳಬೇಕು ಅನಿಸಿತು.

ನಿನ್ನ ಅಮ್ಮ

ಸಿರಿಗೆರೆ
28 ಆಗಸ್ಟ್ 2025

ಅಮ್ಮ,

ಬೆರಳು ಬಾತದ್ದು ನನ್ನಿಂದ. ಕ್ಷಮಿಸು.

ಊರು ಕಟ್ಟುವ ಆಟ ನನ್ನ ಲ್ಯಾಪ್‌ಟಾಪಿನಲ್ಲಿ ಎರಡು ವರ್ಷದಿಂದ ಇತ್ತು. ನಾನು ಒಂಬತ್ತನೇ ಕ್ಲಾಸಿನಲ್ಲಿದ್ದಾಗ ನದಿಯ ಎರಡೂ ದಡಕ್ಕೆ ಒಂದು ಊರು ಕಟ್ಟಿ, ಲ್ಯಾಪ್‌ಟಾಪ್ ಎತ್ತಿಕೊಂಡು ಗಿರಣಿಗೆ ಬಂದಿದ್ದೆ. ನಿನಗೆ ನೆನಪಿರುವುದಿಲ್ಲ. "ಹಿಟ್ಟು ಬೀಳ್ತೈತೆ ಅದ್ರ ಮ್ಯಾಲೆ, ಒಳಗೆ ತಗಂಡು ಹೋಗು" ಎಂದೆ ನೀನು. ಆಮೇಲೆ ನೋಡುತ್ತೇನೆ ಎಂದೂ ಹೇಳಲಿಲ್ಲ. ನಾನು ಎಷ್ಟು ಸಲ ಪಕ್ಕ ಕುಳಿತುಕೋ ಎಂದು ಕರೆದಿದ್ದೇನೆ ಎಂದು ಲೆಕ್ಕವಿಟ್ಟಿಲ್ಲ. ಪ್ರತಿ ಸಲವೂ ಒಂದು ಮೂಟೆ ಇರುತ್ತಿತ್ತು, ಇಲ್ಲವೇ ಯಾರೋ ಜೋಳ ತಂದು ನಿಂತಿರುತ್ತಿದ್ದರು.

ಈಗ ಅವಳ ಜೊತೆ ಭುಜಕ್ಕೆ ಭುಜ ತಾಗಿಸಿ ಕುಳಿತುಕೊಳ್ಳುತ್ತೀಯ. ಒಂದು ಪ್ಯಾಡನ್ನು ಇಬ್ಬರು ಹಿಡಿದರೆ ಹಾಗೆಯೇ ತಾನೆ ಕುಳಿತುಕೊಳ್ಳಬೇಕಾಗುವುದು?

ಅವಳು ನಿನ್ನನ್ನು ಏನೆಂದು ಕರೆಯುತ್ತಾಳೆ?

ಕಾವ್ಯ

ಹಿರಿಯೂರು
13 ಸೆಪ್ಟೆಂಬರ್ 2025

ಕಾವ್ಯ,

ಮೊದಲು ಆಂಟಿ ಎನ್ನುತ್ತಿದ್ದಳು. ಈಗ ಅಮ್ಮ ಎನ್ನುತ್ತಾಳೆ. ನಾನು ಹೇಳಿಕೊಟ್ಟದ್ದಲ್ಲ, ಬೇಡ ಎಂದೂ ಹೇಳಲಿಲ್ಲ. ಅವಳಿಗೆ ತಾಯಿ ಇಲ್ಲ. ಕೇಳಿದೆಯಲ್ಲ ಎಂದು ಇದ್ದದ್ದು ಇದ್ದ ಹಾಗೆ ಬರೆದಿದ್ದೇನೆ.

ನೀನು ಲ್ಯಾಪ್‌ಟಾಪ್ ತಂದದ್ದು ನೆನಪಿದೆ. ಅವತ್ತು ಮದುವೆ ಮನೆಯವರ ಗೋಧಿ ಇತ್ತು. ಹೊಳೆಯ ಮೇಲೆ ನೀನು ಕೆಂಪು ಸೇತುವೆ ಕಟ್ಟಿದ್ದೆ, ಅದೂ ನೆನಪಿದೆ. ನೋಡಿದೆ, ಆದರೆ ನೋಡಿದೆ ಎಂದು ಹೇಳಲಿಲ್ಲ. ನನಗೆ ಹಾಗೆ ಹೇಳಿ ಅಭ್ಯಾಸವಿಲ್ಲ ಕಾವ್ಯ.

ಇನ್ನೊಂದು ವಿಷಯ. ಮೊನ್ನೆ ಊರಿಗೆ ನೀರಿನ ಪೈಪು ಎಳೆಯುತ್ತಿದ್ದೆ. ನಿಮ್ಮಪ್ಪ ಊಟಕ್ಕೆ ಮೂರು ಸಲ ಕರೆದರಂತೆ. ನನಗೆ ಒಂದೂ ಕೇಳಿಸಲಿಲ್ಲ. "ಕಿವಿ ಎಲ್ಲಿಟ್ಟಿದ್ಯೇ" ಎಂದು ಭುಜ ಅಲುಗಿಸಿದಾಗಲೇ ಎಚ್ಚರ. ಆಗ ಏಪ್ರಿಲ್ ನೆನಪಾಯಿತು. ಮೂಟೆ ಹಿಡಿದುಕೊಳ್ಳಲು ಬಾ ಎಂದು ನಾನು ಕೂಗಿದಾಗ ನೀನು ಆಟದಲ್ಲಿದ್ದೆ, ಕಿವಿಗೆ ಹೆಡ್‌ಫೋನ್ ಇತ್ತು. ನಿನಗೂ ಹೀಗೆಯೇ ಕೇಳಿಸಿರುವುದಿಲ್ಲ. ಆ ಬಗ್ಗೆ ನೀನು ಏನನ್ನೂ ಮನಸ್ಸಿನಲ್ಲಿ ಇಟ್ಟುಕೊಳ್ಳಬೇಡ.

ನಿನ್ನ ಮಾಮ ಬಂದು ಪ್ಯಾಡನ್ನು ನನ್ನ ಕೈಗೆ ತಕ್ಕಂತೆ ಹೇಗೆ ಹದ ಮಾಡಬಹುದು ಎಂದು ತೋರಿಸಿಕೊಟ್ಟು ಹೋದ. ಬಾಣ ಎಷ್ಟು ವೇಗ ಓಡಬೇಕು, ಬೆರಳು ಅಂಚಿಗೆ ಬಂದು ನಿಂತರೂ ಅದು ಎಷ್ಟು ದೂರ ತಾನೇ ಉರುಳಬೇಕು, ತಟ್ಟೆ ಒತ್ತುವ ಬದಲು ಹಿಂಬದಿಯ ಪಟ್ಟಿಯನ್ನು ಉಂಗುರ ಬೆರಳಿನಲ್ಲಿ ಹೇಗೆ ಅಮುಕಬೇಕು, ಹೀಗೆ ಎಷ್ಟೋ ಇವೆ. ದಿನಾ ಸಂಜೆ ಒಂದೊಂದು ಕೂದಲೆಳೆಯಷ್ಟು ಬದಲಿಸುತ್ತಾ ಬಂದಿದ್ದೇವೆ. ಈಗ ಹದಕ್ಕೆ ಬಂದಿದೆ.

ದಸರಾ ರಜಕ್ಕೆ ಬಾ. ನಿನಗೆ ಆ ಊರು ತೋರಿಸಬೇಕು.

ನಿನ್ನ ಅಮ್ಮ

ಹಿರಿಯೂರು
16 ಅಕ್ಟೋಬರ್ 2025

ಕಾವ್ಯ,

ಸೌಖ್ಯವಾಗಿ ತಲುಪಿದೆ ಎಂದು ನಿಮ್ಮಪ್ಪ ಹೇಳಿದರು. ರಜದಲ್ಲಿ ನೀನು ಸರಿಯಾಗಿ ಮಾತಾಡಲಿಲ್ಲ ಎಂದು ನನಗೆ ಅನಿಸಿತು. ಪರೀಕ್ಷೆಯ ಚಿಂತೆ ಇರಬೇಕು.

ಇಲ್ಲೊಂದು ಬೇಸರದ ಸಂಗತಿ ನಡೆದಿದೆ. ನೀನು ಹೊರಟ ದಿನ ಸಂಜೆ ಪ್ಯಾಡ್ ಹಿಡಿದರೆ ಬಾಣ ಹುಚ್ಚು ಹಿಡಿದಂತೆ ಓಡುತ್ತಿದೆ. ಪಟ್ಟಿ ಅಮುಕಿದರೆ ಏನೂ ಆಗುವುದಿಲ್ಲ. ನೋಡಿದರೆ ಒಂದೂವರೆ ತಿಂಗಳಿನಿಂದ ಮಾಡಿ ಉಳಿಸಿಟ್ಟಿದ್ದ ಹದವೆಲ್ಲ ಅಳಿಸಿಹೋಗಿದೆ. ಊರು ಹಾಗೇ ಇದೆ, ಒಳಗೆ ಹೋಗುವುದಕ್ಕೆ ನನಗೆ ಕೈಯಿಲ್ಲ.

ಹಿಂದಿನ ಸಂಜೆ ಕೊನೆಗೆ ಮುಟ್ಟಿದವಳು ಮೌನಿಕಾ. ರಜದಲ್ಲಿ ನೀನಿದ್ದೀಯ ಎಂದು ನಾನು ಅವಳನ್ನು ಹೆಚ್ಚು ಕರೆದಿರಲಿಲ್ಲ. ಹದ ಅಳಿಸಿಹೋದ ಸಿಟ್ಟಿನಲ್ಲಿ ನನ್ನ ಬಾಯಿಂದ ಬರಬಾರದ ಮಾತು ಬಂತು. "ಮಗಳು ಬಂದಾಗ ನಿನ್ನ ಕರೀಲಿಲ್ಲ ಅಂತ ಹೊಟ್ಟೆಕಿಚ್ಚಿಗೆ ಮಾಡಿದ್ಯೇನೇ" ಎಂದುಬಿಟ್ಟೆ. ಅವಳು ಬಾಗಿಲ ಹತ್ತಿರದಿಂದಲೇ "ನನಗೆ ಗೊತ್ತಿಲ್ಲಮ್ಮ" ಎಂದು ಮೆಟ್ಟಿಲು ಹತ್ತಿ ಹೋದಳು. ಒಂದು ವಾರವಾಯಿತು, ಇಳಿದು ಬಂದಿಲ್ಲ.

ನಿನಗೆ ಈ ಯಂತ್ರಗಳ ವಿಷಯ ಗೊತ್ತು. ಇಂಥದ್ದು ತಾನಾಗಿಯೇ ಅಳಿಸಿಹೋಗುತ್ತದೆಯೆ?

ಅಮ್ಮ

ಸಿರಿಗೆರೆ
26 ಅಕ್ಟೋಬರ್ 2025

ಅಮ್ಮ,

ಅಳಿಸಿಹೋಗುತ್ತದೆ. ತಿಳಿಯದವರು ಮುಟ್ಟಿದರೆ ಏನು ಬೇಕಾದರೂ ಆಗುತ್ತದೆ. ನೀನು ಸುಮ್ಮನೆ ತಲೆ ಕೆಡಿಸಿಕೊಳ್ಳಬೇಡ. ಬೇಸಿಗೆ ರಜಕ್ಕೆ ಬಂದು ನಾನೇ ಮಾಡಿಕೊಡುತ್ತೇನೆ.

ಇಲ್ಲಿ ಊಟ ಈಗ ಚೆನ್ನಾಗಿದೆ. ಗಣಿತದಲ್ಲಿ ನಾನೇ ಮೊದಲು ಬಂದೆ.

ಕಾವ್ಯ

ಹಿರಿಯೂರು
22 ನವೆಂಬರ್ 2025

ಕಾವ್ಯ,

ಗಣಿತದ ವಿಷಯ ಕೇಳಿ ನಿಮ್ಮಪ್ಪ ಗಿರಣಿಗೆ ಬಂದವರಿಗೆಲ್ಲ ಹೇಳಿದರು.

ಪ್ಯಾಡ್ ಬಿಟ್ಟು ಒಂದು ತಿಂಗಳ ಮೇಲಾಯಿತು. ನಾನೇ ಹದ ಮಾಡೋಣ ಎಂದು ಎರಡು ಸಲ ಕುಳಿತೆ, ಆಗಲಿಲ್ಲ. ಎಲ್ಲಿ ಎಷ್ಟಿತ್ತು ಎಂಬುದು ಮೌನಿಕಾಗೆ ಗೊತ್ತಿತ್ತು. ನನ್ನ ಬೆರಳು ಎಲ್ಲಿ ತಡೆಯುತ್ತದೆ ಎಂದು ನನಗಿಂತ ಮೊದಲು ಅವಳಿಗೆ ತಿಳಿಯುತ್ತಿತ್ತು. ಡಾಕ್ಟರಮ್ಮ ರಬ್ಬರ್ ಚೆಂಡು ಕೊಟ್ಟಿದ್ದಾರೆ. ಹಿಚುಕುತ್ತೇನೆ, ಐದು ನಿಮಿಷಕ್ಕೆ ಸಾಕೆನಿಸುತ್ತದೆ. ಈ ಸಲ ಅಳತೆಯಲ್ಲಿ ಹೆಬ್ಬೆರಳು ಉಂಗುರ ಬೆರಳಿನ ಬುಡ ಮುಟ್ಟಲಿಲ್ಲ. ನಡುಬೆರಳಿನ ಹತ್ತಿರವೇ ನಿಂತಿತು.

ಮೌನಿಕಾ ಈ ತಿಂಗಳ ಕೊನೆಗೆ ಕೋಣೆ ಬಿಡುತ್ತಿದ್ದಾಳೆ. ಫಾರಮ್ಮಿನ ಹತ್ತಿರವೇ ಜಾಗ ಸಿಕ್ಕಿತಂತೆ. ನಿಮ್ಮಪ್ಪನ ಕೈಗೆ ಕೀ ಕೊಡುತ್ತೇನೆ ಎಂದು ಹೇಳಿದ್ದಾಳೆ. ನನ್ನ ಹತ್ತಿರ ಹೇಳಲಿಲ್ಲ.

ಚಳಿ ಶುರುವಾಗಿದೆ. ಸ್ವೆಟರ್ ಹಾಕಿಕೋ.

ಅಮ್ಮ

ಸಿರಿಗೆರೆ
30 ನವೆಂಬರ್ 2025

ಅಮ್ಮ,

ಅಳಿಸಿದ್ದು ನಾನು.

ಈ ಒಂದು ಸಾಲು ಬರೆಯಲು ನಾಲ್ಕು ಹಾಳೆ ಹರಿದಿದ್ದೇನೆ. ಪೂರ್ತಿ ಹೇಳಿಬಿಡುತ್ತೇನೆ, ನಡುವೆ ನಿಲ್ಲಿಸಿದರೆ ಮತ್ತೆ ಆಗುವುದಿಲ್ಲ.

ನಾನು ರಜಕ್ಕೆ ಬಂದ ಮೊದಲ ದಿನವೇ ನೀನು ಪ್ಯಾಡನ್ನು ನನ್ನ ಕೈಗೆ ಕೊಟ್ಟೆ. ಒಂದು ರಸ್ತೆಯನ್ನೂ ನೆಟ್ಟಗೆ ಎಳೆಯಲು ನನಗಾಗಲಿಲ್ಲ. ಹತ್ತು ಬೆರಳೂ ಇರುವ ನನಗೆ. ನೀನು ನಗುತ್ತಾ "ಮೌನಿ ಹತ್ರ ಕಲ್ತ್ಕ" ಎಂದೆ. ನೀನು ತಮಾಷೆಗೆ ಹೇಳಿದ್ದು, ಅದು ನನಗೂ ಗೊತ್ತು. ಆದರೂ ಹೊರಡುವ ದಿನದವರೆಗೂ ಪ್ಯಾಡನ್ನು ಮತ್ತೆ ಕೈಗೆ ತೆಗೆದುಕೊಳ್ಳಲಿಲ್ಲ. ನೀನು ಊರು ತೋರಿಸಿದೆ. ಸಂತೆಯ ಬೀದಿಗೆ ಹೂವಿನ ಗಿಡ ನೆಟ್ಟದ್ದು ಮೌನಿ, ಬಸ್ ಸ್ಟ್ಯಾಂಡ್ ಇಲ್ಲಿಗೆ ಬೇಡ ಎಂದದ್ದು ಮೌನಿ. ನನಗೆ ಆ ಊರಿನಲ್ಲಿ ನಿಲ್ಲುವುದಕ್ಕೆ ಒಂದು ಜಗಲಿಯೂ ಕಾಣಿಸಲಿಲ್ಲ.

ಹೊರಡುವ ಹಿಂದಿನ ಸಂಜೆ ನಾನು ಬಟ್ಟೆ ಜೋಡಿಸುತ್ತಿದ್ದೆ. ನೀವಿಬ್ಬರೂ ಚಾಪೆಯ ಮೇಲೆ ಕುಳಿತಿದ್ದಿರಿ. ನಿನ್ನ ಹೆಬ್ಬೆರಳು ಸಿಕ್ಕಿಕೊಂಡಾಗ ಅವಳು ಪರದೆಯಿಂದ ಕಣ್ಣು ತೆಗೆಯದೆಯೇ ತನ್ನ ಬೆರಳಿನಿಂದ ಅದನ್ನು ಒಂದಿಷ್ಟು ಎತ್ತಿಕೊಟ್ಟಳು. ನೀನೂ ನೋಡಲಿಲ್ಲ. ಅಷ್ಟು ಅಭ್ಯಾಸವಾಗಿತ್ತು ಇಬ್ಬರಿಗೂ. ಆಸ್ಪತ್ರೆಯಿಂದ ಬಂದಾಗಿನಿಂದ ನಾನು ನಿನ್ನ ಆ ಕೈಯನ್ನು ಒಂದು ಸಲವೂ ಮುಟ್ಟಿರಲಿಲ್ಲ.

ಬೆಳಿಗ್ಗೆ ನೀನು ರೊಟ್ಟಿ ಕಟ್ಟುತ್ತಿದ್ದೆ. ನಾನು ಲ್ಯಾಪ್‌ಟಾಪ್ ತೆರೆದೆ. ಹದ ಮಾಡಿಟ್ಟದ್ದಕ್ಕೆ 'ಜಯಮೌನಿ' ಎಂದು ಹೆಸರಿಟ್ಟಿದ್ದಿರಿ. ಆ ಹೆಸರು ಕಾಣದಿದ್ದರೆ ಬಹುಶಃ ಸುಮ್ಮನಿರುತ್ತಿದ್ದೆ. ಅಳಿಸು ಎಂಬುದನ್ನು ಒತ್ತಿದೆ. ಖಚಿತವೇ ಎಂದು ಕೇಳಿತು. ಹೌದು ಎಂದು ಒತ್ತಿದೆ. ಆಮೇಲೆ ರೊಟ್ಟಿ ತೆಗೆದುಕೊಂಡು ನಿನ್ನ ಕಾಲಿಗೆ ನಮಸ್ಕಾರ ಮಾಡಿ ಬಸ್ಸು ಹತ್ತಿದೆ.

ಅವಳ ಮೇಲೆ ನೀನು ತಪ್ಪು ಹೊರಿಸಿದ್ದನ್ನು ಓದಿದಾಗ ನನಗೆ ಸಂತೋಷವಾಯಿತು. ಅದನ್ನೂ ಬರೆಯಬೇಕು. ಆ ಕಾಗದವನ್ನು ಮೂರು ಸಲ ಓದಿದೆ. ಬೆರಳು ಹಿಂದಕ್ಕೆ ಹೋಯಿತು ಎಂದು ನೀನು ಬರೆದದ್ದನ್ನು ಓದಿದ ದಿನ ಮಾತ್ರ ಊಟ ಬಿಟ್ಟು ಎದ್ದೆ. ಚಿತ್ರಾ ಏನಾಯಿತು ಎಂದು ಕೇಳಿದಳು. ಹೇಳಿದೆ. ಅವಳು ಆವತ್ತಿನಿಂದ ನನ್ನ ಜೊತೆ ಊಟಕ್ಕೆ ಬರುತ್ತಿಲ್ಲ.

ಏಪ್ರಿಲ್‌ದೂ ಹೇಳುತ್ತೇನೆ. ನನಗೆ ಕೇಳಿಸಿರುವುದಿಲ್ಲ ಎಂದು ಬರೆದೆಯಲ್ಲ, ಕೇಳಿಸಿತ್ತು ಅಮ್ಮ. ಎರಡು ಸಲವೂ ಕೇಳಿಸಿತ್ತು. ಇನ್ನೊಂದು ಸುತ್ತು ಮುಗಿಸಿ ಏಳೋಣ ಎಂದುಕೊಂಡೆ.

ಕಾವ್ಯ

ಹಿರಿಯೂರು
28 ಡಿಸೆಂಬರ್ 2025

ಕಾವ್ಯ,

ನಾಲ್ಕು ಭಾನುವಾರ ನೀನು ಫೋನ್ ಮಾಡಿದಾಗ ನಿಮ್ಮಪ್ಪ "ಅವ್ಳು ಗಿರಣಿಯಾಗೈದಾಳೆ" ಎಂದರು. ನಾನು ಪಕ್ಕದಲ್ಲೇ ಕುಳಿತಿದ್ದೆ. ಮಾತಾಡಿದರೆ ಬೈಯುತ್ತಿದ್ದೆ, ಬೈದರೆ ಮೂರು ನಿಮಿಷ ಸಾಲುತ್ತಿರಲಿಲ್ಲ.

ಏಪ್ರಿಲ್‌ದು ಮೊದಲು. ನಿನಗೆ ಕೇಳಿಸಿತ್ತು ಎಂದು ನನಗೆ ಗೊತ್ತಿತ್ತು. ಗಿರಣಿಯ ಬಾಗಿಲಿನಿಂದ ನಡುಮನೆ ಕಾಣುತ್ತದೆ. ಎರಡನೇ ಸಲ ಕೂಗಿದಾಗ ನೀನು ತಲೆಯೆತ್ತಿ ನನ್ನ ಕಡೆ ನೋಡಿ ಮತ್ತೆ ತಗ್ಗಿಸಿದೆ. ಸೆಪ್ಟೆಂಬರ್‌ನಲ್ಲಿ ಹಾಗೆ ಬರೆದದ್ದು ನಿನ್ನ ಎದೆ ಹಗುರವಾಗಲಿ ಎಂದು. ಆದರೆ ಮೋಟರ್ ಬಂದ್ ಮಾಡದೆ ಬೆಲ್ಟಿನ ಹತ್ತಿರ ಕೈ ಹಾಕಿದವಳು ನಾನು. ಹಾಕಬೇಡಿ ಎಂದು ಹದಿನೈದು ವರ್ಷ ಊರಿಗೆಲ್ಲ ಹೇಳಿದವಳೂ ನಾನೇ. ಬೆಲ್ಟಿನದು ನನ್ನ ತಪ್ಪು. ಪ್ಯಾಡಿನದು ನಿನ್ನದು. ಎರಡನ್ನೂ ಒಂದೇ ಮೂಟೆಗೆ ಕಟ್ಟಿ ಹೊತ್ತುಕೊಂಡು ಅಳಬೇಡ. ನಿನ್ನದನ್ನು ಮಾತ್ರ ಹೊರು.

ಕಳೆದ ಭಾನುವಾರ ನಿಮ್ಮಪ್ಪನ ಜೊತೆ ಬಬ್ಬೂರಿಗೆ ಹೋಗಿದ್ದೆ. ಮೌನಿಕಾ ಬಟ್ಟೆ ಒಗೆಯುತ್ತಿದ್ದಳು. "ಬರ್ರಿ, ಕುಂತ್ಕಳ್ರಿ" ಎಂದು ಚಾಪೆ ಹಾಸಿದಳು, ಹೊಸಬರಿಗೆ ಹೇಳುವ ಹಾಗೆ. ನಾನು ಸುತ್ತು ಬಳಸದೆ ಹೇಳಿದೆ. "ಅಳಿಸಿದ್ದು ಕಾವ್ಯ. ನಾನು ನಿನ್ನ ಮೇಲೆ ಹಾಕಿದೆ. ತಪ್ಪಾಯ್ತು ಕಣಮ್ಮ."

ಅವಳು ಕೈ ಒರೆಸಿಕೊಳ್ಳುತ್ತಾ, "ನನಗೆ ಗೊತ್ತಿತ್ತು" ಎಂದಳು. ಅವತ್ತು ಬೆಳಿಗ್ಗೆ ಅವಳು ನೀರು ಹಿಡಿಯಲು ಇಳಿದಿದ್ದಳಂತೆ. ನೀನು ಒಬ್ಬಳೇ ಲ್ಯಾಪ್‌ಟಾಪ್ ಮುಂದೆ ಪ್ಯಾಡ್ ಹಿಡಿದು ಕುಳಿತದ್ದು ಕಿಟಕಿಯಲ್ಲಿ ಕಂಡಿತಂತೆ.

"ಮತ್ತೆ ನಾನು ಕೇಳಿದಾಗ ಯಾಕೆ ಹೇಳ್ಲಿಲ್ಲ?" ಎಂದೆ.

"ಹೇಳಿದ್ರೆ ನೀವು ನಂಬ್ತಿದ್ರಿ" ಎಂದಳು. "ಅದಕ್ಕೇ ಹೇಳ್ಲಿಲ್ಲ."

ನಿಮ್ಮಪ್ಪ ಎದ್ದು ಹೊರಗೆ ಹೋಗಿ ನಿಂತರು. ನಾನು ಮತ್ತೆ ಬಾ ಎಂದು ಕರೆದೆ. "ಬೇಡಮ್ಮ. ನಾನು ಬಂದ್ರೆ ಅವಳು ಮತ್ತೆ ಉರೀತಾಳೆ. ಅವಳದ್ದೂ ತಪ್ಪಲ್ಲ, ಅವಳ ಮನೆ ಅದು" ಎಂದಳು. ಚಹಾ ಕೊಟ್ಟಳು. ಬರುತ್ತೇನೆ ಎಂದು ಮಾತ್ರ ಹೇಳಲಿಲ್ಲ.

ಮಾರುತೇಶ ಬಂದು ಎರಡು ದಿನ ಕುಳಿತು ನೋಡಿದ. ಅವನಿಗೆ ಯಂತ್ರ ಗೊತ್ತು, ನನ್ನ ಬೆರಳು ಗೊತ್ತಿಲ್ಲ. ಡಾಕ್ಟರಮ್ಮ ಏಪ್ರಿಲ್‌ವರೆಗೆ ಸಮಯವಿದೆ ಎನ್ನುತ್ತಾರೆ.

ಅವಳ ವಿಳಾಸ ಕೆಳಗೆ ಬರೆದಿದ್ದೇನೆ. ಏನು ಮಾಡಬೇಕು ಎಂದು ನಾನು ಹೇಳುವುದಿಲ್ಲ. ನಿನಗೆ ಹದಿನಾರು ತುಂಬಿತು.

ಸಿಟ್ಟು ಇನ್ನೂ ಇದೆ. ಆದರೂ ಬುತ್ತಿಯಲ್ಲಿ ಎಳ್ಳುಂಡೆ ಕಳಿಸಿದ್ದೇನೆ, ಚಿತ್ರಾಗೂ ಕೊಡು.

ಅಮ್ಮ

ಸಿರಿಗೆರೆ
18 ಜನವರಿ 2026

ಮೌನಿಕಾ ಅಕ್ಕನಿಗೆ,

ನಾನು ಕಾವ್ಯ, ಜಯಶೀಲಮ್ಮನ ಮಗಳು. ನಮ್ಮ ಮನೆಯಲ್ಲಿ ಹದಿನೈದು ದಿನ ಎದುರುಬದುರು ಓಡಾಡಿದರೂ ನಾನು ನಿಮ್ಮನ್ನು ಹೆಸರು ಹಿಡಿದು ಮಾತಾಡಿಸಿರಲಿಲ್ಲ. ಇದೇ ಮೊದಲು.

ನಾನು ಮಾಡಿದ್ದು ನಿಮಗೆ ಗೊತ್ತು. ನೀವು ಕಿಟಕಿಯಲ್ಲಿ ನೋಡಿದಿರಿ. ತಪ್ಪಾಯಿತು. ಅಮ್ಮನ ಬಾಯಿಂದ ನಿಮಗೆ ಬಿದ್ದ ಮಾತಿಗೂ ನಾನೇ ಕಾರಣ.

ಕ್ಷಮೆ ಕೇಳಿದ ಮೇಲೆ ಹೊಟ್ಟೆಕಿಚ್ಚು ಹೋಯಿತು ಎಂದು ಬರೆಯಬೇಕು ಎಂದುಕೊಂಡಿದ್ದೆ. ಸುಳ್ಳಾಗುತ್ತದೆ. ನೋಡಿಯೂ ನನ್ನ ಹೆಸರು ಯಾಕೆ ಹೇಳಲಿಲ್ಲ ಎಂದು ನೀವು ಹೇಳಿದ್ದನ್ನು ಅಮ್ಮ ಬರೆದಿದ್ದರು. ಅದನ್ನು ಓದಿ ಇನ್ನೂ ಜಾಸ್ತಿಯಾಯಿತು. ನಿಮ್ಮ ಜಾಗದಲ್ಲಿ ನಾನಿದ್ದರೆ ಆ ಕ್ಷಣವೇ ಹೇಳಿಬಿಡುತ್ತಿದ್ದೆ. ಅಮ್ಮನ ಬೆರಳನ್ನು ಹೇಗೆ ಎತ್ತಿಕೊಡಬೇಕು ಎಂಬುದು ನಿಮಗೆ ಗೊತ್ತು, ಎಲ್ಲಿ ಬಾಯಿ ಮುಚ್ಚಿಕೊಂಡಿರಬೇಕು ಎಂಬುದೂ ಗೊತ್ತು. ನನಗೆ ಎರಡೂ ಗೊತ್ತಿಲ್ಲ. ಮಗಳು ನಾನು.

ನೀವು ಬಂದರೆ ನಾನು ಉರಿಯುತ್ತೇನೆ ಎಂದಿರಂತೆ. ನಿಜ, ಉರಿಯುತ್ತೇನೆ. ಆದರೆ ಅಮ್ಮನ ಹೆಬ್ಬೆರಳಿಗೆ ಏಪ್ರಿಲ್‌ವರೆಗೆ ಮಾತ್ರ ಸಮಯವಿದೆ, ನನ್ನ ಹೊಟ್ಟೆಕಿಚ್ಚು ಅಷ್ಟರೊಳಗೆ ಮುಗಿಯುತ್ತದೆ ಎಂದು ಅನಿಸುವುದಿಲ್ಲ. ಅದು ಮುಗಿಯಲಿ ಎಂದು ನೀವು ಕಾಯಬಾರದು.

ಅಳಿಸುವ ಮುಂಚೆ ಕಣ್ಣಿಗೆ ಬಿದ್ದದ್ದರಲ್ಲಿ ನೆನಪಿರುವುದು ಇಷ್ಟು: ಬಲ ತಟ್ಟೆಯ ವೇಗ ನೂರಕ್ಕೆ ನಲವತ್ತರ ಹತ್ತಿರ ಇತ್ತು, ಉರುಳುವುದು ಮಧ್ಯಮಕ್ಕಿಂತ ಒಂದು ಮನೆ ಕಡಿಮೆ. ಉಳಿದದ್ದು ನಿಮ್ಮ ಬೆರಳಿಗೇ ಗೊತ್ತಿರಬೇಕು.

ಪರೀಕ್ಷೆಗೆ ಮುಂಚೆ ಹಾಸ್ಟೆಲ್‌ನವರು ಒಂದೇ ಒಂದು ಭಾನುವಾರ ಮನೆಗೆ ಬಿಡುತ್ತಾರೆ. ಫೆಬ್ರವರಿ ಎಂಟು. ಆವತ್ತು ನಾನು ಹಿರಿಯೂರಿಗೆ ಹೋಗುತ್ತಿಲ್ಲ. ಚಿತ್ರಾ ಜೊತೆ ರಾಮಗಿರಿಗೆ ಹೋಗುತ್ತೇನೆ, ವಾರ್ಡನ್‌ಗೆ ಬರೆದುಕೊಟ್ಟಾಗಿದೆ, ಅಪ್ಪನಿಗೂ ತಿಳಿಸಿದ್ದೇನೆ. ನಿಮ್ಮಿಬ್ಬರನ್ನೂ ಒಂದೇ ಚಾಪೆಯ ಮೇಲೆ ನೋಡುವ ಶಕ್ತಿ ನನಗೆ ಇನ್ನೂ ಬಂದಿಲ್ಲ. ಅಮ್ಮ ಅವತ್ತು ಗಿರಣಿ ಮುಚ್ಚಿಸಿ ಬೆಳಗಿನಿಂದ ನನಗಾಗಿ ಕಾಯುವವರಿದ್ದರು. ಆ ಭಾನುವಾರ ನಿಮ್ಮದು. ನೀವು ಹೋಗಿ.

ಇತಿ
ಕಾವ್ಯ